ಬರಿಗಾಲ ಓಟಗಾರರನ್ನು ಒಲಿಂಪಿಕ್ಸ್‌ಗೆ ಕಳಿಸಿದ ಮೈಸೂರಿನ ಅಳಿಯ

ಮೈಸೂರು: ದೇವರಾಜ ಅರಸು ರಸ್ತೆಯಿಂದ ಹಿಡಿದು ಹೋಬಳಿ ಸಂತೆಯವರೆಗೆ ಟಾಟಾ ಹೆಸರಿನ ಒಂದಾದರೂ ಸಾಮಾನು ಇಲ್ಲದ ಅಂಗಡಿ ಸಿಗೋದು ಕಷ್ಟ. ಉಪ್ಪು, ಟೀ ಪುಡಿ, ಕಬ್ಬಿಣದ ಸರಳು, ಸರಕು ಹೊತ್ತು ತರುವ ಗಾಡಿ, ಎಲ್ಲದರ ಮೇಲೂ ಅದೇ ಹೆಸರು. ಆದರೆ ಆ ಮನೆತನದ ಹಿರಿಮಗ ಹೆಣ್ಣು ನೋಡೋಕೆ ಬಂದಿದ್ದು ಮೈಸೂರು ಸಂಸ್ಥಾನಕ್ಕೆ ಅನ್ನೋದು ನಮ್ಮಲ್ಲಿ ಹೆಚ್ಚು ಜನಕ್ಕೆ ಗೊತ್ತಿಲ್ಲ. ಅದೇ ಅಳಿಯ 1920ರಲ್ಲಿ ಭಾರತದ ಮೊದಲ ಒಲಿಂಪಿಕ್ ತಂಡವನ್ನು ಕಳಿಸಿದವರು, ಮೂವರು ಓಟಗಾರರ ಖರ್ಚನ್ನು ಸ್ವಂತ ಜೇಬಿನಿಂದ ಹಾಕಲು ಮುಂದಾದವರು ಅನ್ನೋದು ಇನ್ನೂ ಕಡಿಮೆ ಜನಕ್ಕೆ ಗೊತ್ತು. ಆ ತಂಡದಲ್ಲಿ ನಮ್ಮ ಬೆಳಗಾವಿಯ ಓಟಗಾರನೊಬ್ಬನೂ ಇದ್ದ.

ಅವರೇ ಸರ್ ದೊರಾಬ್ಜಿ ಟಾಟಾ. ಜಮ್‌ಶೆಡ್‌ಜಿ ಟಾಟಾ ಅವರ ದೊಡ್ಡ ಮಗ. ಹುಟ್ಟಿದ್ದು 1859ರ ಆಗಸ್ಟ್ 27ರಂದು, ಮುಂಬೈನಲ್ಲಿ.

ಮೈಸೂರಿನ ನಂಟು

ಹೊರ್ಮುಸ್‌ಜಿ ಭಾಭಾ ಅಂತ ಒಬ್ಬ ಪಾರ್ಸಿ ಮೇಷ್ಟ್ರು ಮೈಸೂರು ಸರ್ಕಾರದ ಕೆಲಸದಲ್ಲಿದ್ದರು. ನಮ್ಮ ಮಹಾರಾಜ ಕಾಲೇಜಿನಲ್ಲಿ ಪ್ರಿನ್ಸಿಪಾಲರಾಗಿದ್ದರು. ಮುಂದೆ ಇಡೀ ಸಂಸ್ಥಾನದ ಶಾಲೆಗಳ ಮೇಲ್ವಿಚಾರಣೆ ನೋಡುವ ಇನ್‌ಸ್ಪೆಕ್ಟರ್ ಜನರಲ್ ಆದರು. ಆ ಹುದ್ದೆಗೆ ಬಂದ ಮೊದಲ ಭಾರತೀಯ ಅವರೇ. ಅವರ ಮಗಳು ಮೆಹರ್‌ಬಾಯಿ ಬೆಳೆದದ್ದು ಬೆಂಗಳೂರು, ಮೈಸೂರಿನಲ್ಲಿ. ಓದಿದ್ದು ಬೆಂಗಳೂರಿನ ಬಿಷಪ್ ಕಾಟನ್ ಶಾಲೆಯಲ್ಲಿ. ಆಮೇಲೆ ಮನೆಯಲ್ಲಿದ್ದ ಅಪ್ಪನ ಪುಸ್ತಕಗಳ ನಡುವೆ ಬೆಳೆದ ಹುಡುಗಿ. ಪಿಯಾನೊ ಬಾರಿಸುತ್ತಿದ್ದರು, ಟೆನಿಸ್ ಅಂದರೆ ಪ್ರಾಣ.

ಜಮ್‌ಶೆಡ್‌ಜಿ ಅವರಿಗೆ ಮೈಸೂರು ಸಂಸ್ಥಾನ ಹೊಸ ಜಾಗ ಏನಲ್ಲ. ಬೆಂಗಳೂರಿನಲ್ಲಿ ರೇಷ್ಮೆ ಫಾರಂ ಮಾಡಿ ಜಪಾನಿನಿಂದ ತಿಳಿದವರನ್ನು ಕರೆಸಿದ್ದವರು ಅವರು. ಬಸವನಗುಡಿ ಕಡೆ ಇವತ್ತಿಗೂ ಟಾಟಾ ಸಿಲ್ಕ್ ಫಾರಂ ಅಂದರೆ ಆಟೋದವರು ಕರೆದುಕೊಂಡು ಹೋಗ್ತಾರೆ. ಹೀಗೆ ಓಡಾಡುವಾಗ ಭಾಭಾ ಅವರ ಮನೆಗೆ ಹೋದ ಜಮ್‌ಶೆಡ್‌ಜಿಗೆ ಹುಡುಗಿ ಹಿಡಿಸಿಬಿಟ್ಟಳು. ಮುಂಬೈಗೆ ವಾಪಸ್ ಹೋದವರೇ ಮಗನನ್ನು ಮೈಸೂರು ಸೀಮೆಗೆ ಕಳಿಸಿದರು. ಹೆಸರಿಗೆ ವ್ಯವಹಾರದ ಪ್ರಯಾಣ. ಆದರೆ ಭಾಭಾ ಅವರ ಮನೆಗೆ ಹೋಗಿ ಬಾ ಅಂತ ಅಪ್ಪ ಮರೆಯದೆ ಹೇಳಿ ಕಳಿಸಿದ್ದರು. ನಮ್ಮ ಮನೆಗಳಲ್ಲಿ ಇವತ್ತಿಗೂ ಹಿರಿಯರು ಮಾಡೋದು ಇದನ್ನೇ.

ದೊರಾಬ್ಜಿಗೆ ಆಗಲೇ 38ರ ಆಸುಪಾಸು. ಮೆಹರ್‌ಬಾಯಿಗೆ ಇನ್ನೂ 20 ತುಂಬಿರಲಿಲ್ಲ. ಹುಡುಗ, ಹುಡುಗಿ ಇಬ್ಬರಿಗೂ ಆಟದ ಹುಚ್ಚು. 1890ರ ದಶಕದ ಕೊನೆಗೆ ಮದುವೆ ಆಯ್ತು. ಮೆಹರ್‌ಬಾಯಿಯ ಅಣ್ಣತಮ್ಮಂದಿರಲ್ಲಿ ಒಬ್ಬರಾದ ಜಹಾಂಗೀರ್ ಭಾಭಾ ವಕೀಲರಾದರು. ಅವರ ಮಗನಿಗೆ ತಾತನ ಹೆಸರನ್ನೇ ಇಟ್ಟರು. ಆ ಮಗುವೇ ಮುಂದೆ ದೇಶದ ಅಣುಶಕ್ತಿ ಕಾರ್ಯಕ್ರಮ ಕಟ್ಟಿದ ಹೋಮಿ ಭಾಭಾ. ಅಂದರೆ ಆ ವಿಜ್ಞಾನಿಯ ತಾತ ನಮ್ಮ ಮಹಾರಾಜ ಕಾಲೇಜಿನ ಮೇಷ್ಟ್ರು.

ಓದಿಗಿಂತ ಮೈದಾನ

ದೊರಾಬ್ಜಿ ಅವರ ಆಟದ ಹುಚ್ಚು ಶುರುವಾಗಿದ್ದು ಇಂಗ್ಲೆಂಡಿನಲ್ಲಿ. 1875ರಲ್ಲಿ, 16ರ ವಯಸ್ಸಿಗೆ ಅಪ್ಪ ಅಲ್ಲಿಗೆ ಕಳಿಸಿದರು. 1877ರಲ್ಲಿ ಕೇಂಬ್ರಿಡ್ಜಿನ ಗಾನ್‌ವಿಲ್ ಆ್ಯಂಡ್ ಕೀಸ್ ಕಾಲೇಜು ಸೇರಿದರು. ಅಲ್ಲಿ ಕ್ರಿಕೆಟ್, ಫುಟ್‌ಬಾಲ್, ಓಟ, ದೋಣಿ ಹುಟ್ಟು ಹಾಕೋದು, ಟೆನಿಸ್, ಕುದುರೆ ಸವಾರಿ, ಬಿಟ್ಟಿದ್ದು ಒಂದೂ ಇಲ್ಲ. ಎರಡೇ ವರ್ಷಕ್ಕೆ ಡಿಗ್ರಿ ಮುಗಿಸದೆ ವಾಪಸ್ ಬಂದರು. ಮುಂಬೈನ ಸೇಂಟ್ ಝೇವಿಯರ್ಸ್ ಕಾಲೇಜಿನಲ್ಲಿ 1882ರಲ್ಲಿ ಬಿ.ಎ. ಮುಗಿಸಿದರು.

ಆಮೇಲೆ ಮಾಡಿದ ಮೊದಲ ಕೆಲಸ ಕೇಳಿದರೆ ಆಶ್ಚರ್ಯ ಆಗುತ್ತೆ. ಬಾಂಬೆ ಗೆಜೆಟ್ ಅನ್ನುವ ಪತ್ರಿಕೆಯಲ್ಲಿ ವರದಿಗಾರ. ಎರಡು ವರ್ಷ ಸುದ್ದಿ ಬರೆದರು. ಅಷ್ಟು ಶ್ರೀಮಂತರ ಮಗ ಸುದ್ದಿಗಾಗಿ ಊರು ಸುತ್ತಿದ್ದು ದೊಡ್ಡ ವಿಷಯವೇ. 1884ರಲ್ಲಿ ಅಪ್ಪನ ಹತ್ತಿ ವ್ಯಾಪಾರಕ್ಕೆ ಸೇರಿಕೊಂಡರು. ಪಾಂಡಿಚೇರಿಯಲ್ಲಿ ಗಿರಣಿ ಹಾಕಬಹುದಾ ಅಂತ ನೋಡಿಕೊಂಡು ಬರಲು ಹೋದರು. ಅಲ್ಲಿಂದ ನಾಗಪುರದ ಎಂಪ್ರೆಸ್ ಮಿಲ್.

ಕೆಲಸ ಏನೇ ಇರಲಿ, ಮೈದಾನ ಬಿಡಲಿಲ್ಲ. ಮುಂಬೈನಿಂದ ಪುಣೆ ಪಕ್ಕದ ಕಿರ್ಕಿವರೆಗೆ, ಹತ್ತಿರ ಹತ್ತಿರ 100 ಮೈಲಿ, ಮಳೆಗಾಲದಲ್ಲಿ ಒಂಬತ್ತು ಗಂಟೆಯಲ್ಲಿ ಕುದುರೆ ಮೇಲೆ ಹೋದರು ಅಂತ ಟಾಟಾ ಮನೆತನದ ಕಥೆಗಳಲ್ಲಿ ಬರುತ್ತದೆ. ನಡುವೆ ಘಟ್ಟ ಹತ್ತಬೇಕು ಅನ್ನೋದನ್ನು ಮರೆಯಬಾರದು.

1904ರಲ್ಲಿ ಅಪ್ಪ ತೀರಿಕೊಂಡಾಗ ಮೂರು ದೊಡ್ಡ ಕೆಲಸ ಅರ್ಧಕ್ಕೇ ನಿಂತಿದ್ದವು. ಉಕ್ಕಿನ ಕಾರ್ಖಾನೆ, ನೀರಿನಿಂದ ಕರೆಂಟು, ವಿಜ್ಞಾನದ ಸಂಸ್ಥೆ. ಮೂರನ್ನೂ ದೊರಾಬ್ಜಿ ಮುಗಿಸಿದರು. ಅದಿರು ಹುಡುಕುತ್ತಾ ಎತ್ತಿನ ಗಾಡಿಯಲ್ಲಿ ಮಧ್ಯ ಭಾರತದ ಕಾಡು ಸುತ್ತಿದರು. 1907ರಲ್ಲಿ ಟಾಟಾ ಸ್ಟೀಲ್ ಕಂಪನಿ ಶುರು ಮಾಡಿದರು. ಅದೇ ವರ್ಷ ಮೈಸೂರು ಸರ್ಕಾರ ಬೆಂಗಳೂರಿನಲ್ಲಿ ಕೊಟ್ಟ 371 ಎಕರೆಯಲ್ಲಿ ವಿಜ್ಞಾನ ಸಂಸ್ಥೆಗೆ ಜಾಗ ಆಯ್ತು. ಜನ ಇವತ್ತಿಗೂ ಅದನ್ನು ಟಾಟಾ ಇನ್‌ಸ್ಟಿಟ್ಯೂಟ್ ಅಂತಲೇ ಕರೀತಾರೆ. 1910ರಲ್ಲಿ ಬ್ರಿಟಿಷರು ಸರ್ ಪದವಿ ಕೊಟ್ಟರು. ಈ ಕೆಲಸಗಳ ಬಗ್ಗೆ ದಪ್ಪ ದಪ್ಪ ಪುಸ್ತಕ ಬಂದಿವೆ. ಓಟದ ವಿಷಯಕ್ಕೆ ಮಾತ್ರ ಅವುಗಳಲ್ಲಿ ಸಿಗೋದು ಒಂದೋ ಎರಡೋ ಪುಟ.

ಪುಣೆಯ ರಸ್ತೆಯಲ್ಲಿ ಕಂಡದ್ದು

ಇಂಗ್ಲೆಂಡಿನಲ್ಲಿ ಶಾಲೆ ಮಕ್ಕಳಿಗೆ ಆಟ ಅನ್ನೋದು ಪಾಠದಷ್ಟೇ ಮುಖ್ಯ ಅನ್ನೋದನ್ನು ದೊರಾಬ್ಜಿ ನೋಡಿ ಬಂದಿದ್ದರು. ಮುಂಬೈನ ಹೈಸ್ಕೂಲುಗಳಿಗೆ ಒಂದು ಕ್ರೀಡಾ ಸಂಘ ಕಟ್ಟಿಸಿದರು. ಪಾರ್ಸಿ ಜಿಮ್‌ಖಾನಾ ಬೆಳೆಯೋದಕ್ಕೂ ಅವರ ಕೈ ಇತ್ತು. ಇದನ್ನು ನೋಡಿ ಪುಣೆಯ ಡೆಕ್ಕನ್ ಜಿಮ್‌ಖಾನಾದವರು ತಮ್ಮ ಅಧ್ಯಕ್ಷರಾಗಿ ಅಂತ ಕರೆದರು.

ಅಲ್ಲಿನ ಲೆಕ್ಕವೇ ಬೇರೆ ಇತ್ತು. ಅದು ಸೂಟುಬೂಟಿನ ಕ್ಲಬ್ ಅಲ್ಲ. ಓಟ ಇತ್ತು, ಆದರೆ ನಿಯಮಗಳು ಅವರದ್ದೇ. ಓಡುವವರು ಸುತ್ತಲಿನ ಹಳ್ಳಿಗಳ ಹುಡುಗರು. ಹೊಲದಲ್ಲಿ ದುಡಿಯುವವರು, ರೊಟ್ಟಿ ಖಾರ ತಿಂದು ಬದುಕುವವರು. ಟ್ರ್ಯಾಕ್ ಅಂದರೇನು, ತರಬೇತಿ ಅಂದರೇನು ಅಂತ ಅವರಿಗೆ ಯಾರೂ ಹೇಳಿಕೊಟ್ಟಿರಲಿಲ್ಲ. ವರ್ಷಕ್ಕೊಮ್ಮೆ ನಡೆಯುವ ಕ್ರೀಡಾಕೂಟದಲ್ಲಿ ದೊಡ್ಡ ಆಕರ್ಷಣೆ ಅಂದರೆ ಸುಮಾರು 25 ಮೈಲಿಯ ಓಟ. ಮೈಸೂರಿನಿಂದ ಹೊರಟು ಹುಣಸೂರಿನ ಹತ್ತಿರಕ್ಕೆ ಓಡಿದಂತೆ. ಅದೂ ಬರಿಗಾಲಲ್ಲಿ, ಜಲ್ಲಿ ರಸ್ತೆ ಮೇಲೆ, ಮಣ್ಣು ದಾರಿ ಮೇಲೆ.

1919ರ ಕೂಟದಲ್ಲಿ ದೊರಾಬ್ಜಿ ಇದನ್ನು ಕಣ್ಣಾರೆ ನೋಡಿದರು. ಆಗ ಅವರಿಗೆ 60. ಬೇರೆ ಯಾರಾದರೂ ಆಗಿದ್ದರೆ ಬಹುಮಾನ ಹಂಚಿ, ಹಾರ ಹಾಕಿಸಿಕೊಂಡು ರೈಲು ಹತ್ತುತ್ತಿದ್ದರು. ಇವರು ಗಡಿಯಾರ ನೋಡಿದರು. ಮೊದಲು ಬಂದ ಮೂರ್ನಾಲ್ಕು ಹುಡುಗರ ಸಮಯ ಯುರೋಪಿನ ಓಟಗಾರರ ಸಮಯಕ್ಕೆ ಹೋಲಿಸುವಂತಿತ್ತು. ಓಟದ ಬಗ್ಗೆ ತಿಳಿದವರಿಗೆ ಮಾತ್ರ ಆ ಅಂಕಿಯ ಬೆಲೆ ಗೊತ್ತಾಗೋದು. ಕೇಂಬ್ರಿಡ್ಜಿನಲ್ಲಿ ಓಡಿದ್ದು ಇಲ್ಲಿ ಉಪಯೋಗಕ್ಕೆ ಬಂತು.

ಮುಂದಿನ ವರ್ಷವೇ ಬೆಲ್ಜಿಯಂನ ಆಂಟ್‌ವರ್ಪ್ ಊರಿನಲ್ಲಿ ಒಲಿಂಪಿಕ್ಸ್ ಇತ್ತು. ಈ ಹುಡುಗರಲ್ಲಿ ಮೂವರನ್ನು ತನ್ನ ಖರ್ಚಿನಲ್ಲಿ ಅಲ್ಲಿಗೆ ಕಳಿಸೋದು ಅಂತ ತೀರ್ಮಾನ ಮಾಡಿದರು. ಸರಿಯಾದ ಊಟ, ಸರಿಯಾದ ಕೋಚ್ ಸಿಕ್ಕಿದರೆ ದೇಶಕ್ಕೆ ಹೆಸರು ತರುತ್ತಾರೆ ಅನ್ನೋದು ಅವರ ಲೆಕ್ಕ.

ಇಲ್ಲಿ ಆ ಕಾಲದ ಒಂದು ನಿಯಮ ಹೇಳಲೇಬೇಕು. ಒಲಿಂಪಿಕ್ಸ್‌ನಲ್ಲಿ ಆಡುವವನು ಹವ್ಯಾಸಿ ಆಗಿರಬೇಕಿತ್ತು. ಆಟದಿಂದ ದುಡ್ಡು ತಗೊಂಡಿರಬಾರದು. ಅಮೆರಿಕದ ಜಿಮ್ ಥಾರ್ಪ್ 1912ರಲ್ಲಿ ಎರಡು ಚಿನ್ನ ಗೆದ್ದಿದ್ದ. ಹಿಂದೆ ಯಾವಾಗಲೋ ಸಣ್ಣ ಬೇಸ್‌ಬಾಲ್ ತಂಡಕ್ಕೆ ದುಡ್ಡಿಗೆ ಆಡಿದ್ದ ಅಂತ ಗೊತ್ತಾಗಿ 1913ರಲ್ಲಿ ಎರಡನ್ನೂ ಕಿತ್ತುಕೊಂಡರು. ನಮ್ಮೂರಿನ ಗರಡಿ ಮನೆ ಲೆಕ್ಕದಲ್ಲಿ ನೋಡಿ. ಜೋಡಿ ಕಟ್ಟಿ, ಕುಸ್ತಿ ಗೆದ್ದು, ಬಹುಮಾನದ ದುಡ್ಡು ತಗೊಂಡ ಪೈಲ್ವಾನನಿಗೆ ಆ ನಿಯಮದ ಪ್ರಕಾರ ಒಲಿಂಪಿಕ್ಸ್ ಬಾಗಿಲು ಮುಚ್ಚಿದಂತೆ.

ಕೇಳೋದಕ್ಕೆ ಶುದ್ಧವಾದ ನಿಯಮ. ಆದರೆ ದುಡಿಯದೆ ಆಡೋದು ಯಾರಿಗೆ ಸಾಧ್ಯ? ಮನೆಯಲ್ಲಿ ಆಸ್ತಿ ಇದ್ದವನಿಗೆ. ದೊರಾಬ್ಜಿ ಸ್ವತಃ ಅಂಥ ಹವ್ಯಾಸಿಯೇ. ಅವರು ಓಡಿದ್ದು, ಟೆನಿಸ್ ಆಡಿದ್ದು ಅಪ್ಪನ ದುಡ್ಡಿನ ಮೇಲೆ. ಹೊಲದಲ್ಲಿ ಕೂಲಿ ಮಾಡುವ ಹುಡುಗ ತಿಂಗಳುಗಟ್ಟಲೆ ಕೆಲಸ ಬಿಟ್ಟು ಹಡಗು ಹತ್ತಬೇಕಾದರೆ ಯಾರಾದರೂ ದುಡ್ಡು ಹಾಕಲೇಬೇಕು. ಆ ಯಾರಾದರೂ ನಾನೇ ಆಗ್ತೀನಿ ಅಂತ ಈ ಶ್ರೀಮಂತ ಮುಂದೆ ಬಂದದ್ದೇ ಇಡೀ ಕಥೆಯಲ್ಲಿ ದೊಡ್ಡ ಸಂಗತಿ.

ನೂರು ಮೀಟರಿಗೆ ಎಷ್ಟು ನಿಮಿಷ?

ಮೂವರನ್ನು ಕಳಿಸುವ ಮಾತು ಹೊರಬಿದ್ದ ಕೂಡಲೇ ಪುಣೆಯ ರಾಷ್ಟ್ರಾಭಿಮಾನಿಗಳಿಗೆ ಹುಮ್ಮಸ್ಸು ಬಂತು. ಮೂವರೇ ಯಾಕೆ, ಒಂದು ಪೂರ್ತಿ ತಂಡವೇ ಹೋಗಲಿ ಅಂದರು. ಮುಂಬೈ ಗವರ್ನರ್ ಸರ್ ಜಾರ್ಜ್ ಲಾಯ್ಡ್ ಅವರ ಬೆಂಬಲವೂ ಸಿಕ್ಕಿತು. ಒಲಿಂಪಿಕ್ ಸಮಿತಿಯಿಂದ ಒಪ್ಪಿಗೆ ಬಂತು. ಅದೇ 1920ರಲ್ಲಿ ದೊರಾಬ್ಜಿ ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿಯ ಸದಸ್ಯರೂ ಆದರು. ಆ ಸಮಿತಿಗೆ ಭಾರತದಿಂದ ಹೋದ ಮೊದಲಿಗರು.

ಆಯ್ಕೆ ಮಾಡಲು ಕೂತವರಿಗೆ ಓಟದ ಗಂಧ ಎಷ್ಟಿತ್ತು ಅನ್ನೋದಕ್ಕೆ ದೊರಾಬ್ಜಿ ಅವರೇ ಮುಂದೆ ಒಂದು ಪತ್ರದಲ್ಲಿ ಬರೆದ ಪ್ರಸಂಗ ಇದೆ. ನೂರು ಮೀಟರ್ ಓಟದಲ್ಲಿ ಒಲಿಂಪಿಕ್ಸ್ ಮಟ್ಟಕ್ಕೆ ಎಷ್ಟು ಸಮಯ ಬೇಕು ಅಂತ ಮಾತು ಬಂದಾಗ, ಸಮಿತಿಯ ಮುಖ್ಯ ವ್ಯಕ್ತಿಯೊಬ್ಬರು ಒಂದೋ ಎರಡೋ ನಿಮಿಷ ಇರಬೇಕು ಅಂದುಬಿಟ್ಟರಂತೆ. ಇದು ನಿಮಿಷದ ಲೆಕ್ಕ ಅಲ್ಲ, ಸೆಕೆಂಡ್ ಮತ್ತು ಸೆಕೆಂಡಿನ ಹತ್ತನೇ ಒಂದು ಭಾಗದ ಲೆಕ್ಕ ಅಂತ ಹೇಳಿದಾಗ ಅವರು ಬೆಚ್ಚಿಬಿದ್ದರಂತೆ. ನಗು ಬರುತ್ತೆ. ಆದರೆ ಆಟ ಗೊತ್ತಿಲ್ಲದವರು ಆಟದ ಸಮಿತಿಯಲ್ಲಿ ಕೂರೋದು 1920ಕ್ಕೇ ಮುಗಿದುಹೋದ ಕಥೆ ಏನಲ್ಲ.

ದುಡ್ಡಿನದ್ದೂ ಕಷ್ಟವೇ. ಸರ್ಕಾರ ಸ್ವಲ್ಪ ಕೊಟ್ಟಿತು, ಸಾರ್ವಜನಿಕರ ಚಂದಾ ಸ್ವಲ್ಪ ಬಂತು. ರಸೀದಿ ಪುಸ್ತಕ ಹಿಡಿದು ಅಂಗಡಿ ಅಂಗಡಿ ತಿರುಗಿದ ಯಾವ ಸಂಘದವರಿಗಾದರೂ ಇದು ಗೊತ್ತಿರುವ ಸಂಗತಿ. ಹೋಗಲಿ ಹೋಗಲಿ ಅನ್ನುವವರು ಹತ್ತು ಜನ, ಬರೆಸುವವರು ಇಬ್ಬರು. ಇಲ್ಲಿ ಮೊದಲ ರಸೀದಿ ಬರೆಸಿದವರು ದೊರಾಬ್ಜಿಯೇ ಆಗಿದ್ದರಿಂದ ಕೆಲಸ ನಿಲ್ಲಲಿಲ್ಲ.

ಕೊನೆಗೆ ಹೊರಟವರು ಆರು ಜನ. ನಾಲ್ವರು ಓಟಗಾರರು, ಇಬ್ಬರು ಕುಸ್ತಿಪಟುಗಳು. ಬಂಗಾಳದ ಪೂರ್ಮ ಬ್ಯಾನರ್ಜಿ ಸಣ್ಣ ದೂರದ ಓಟಕ್ಕೆ. ಉದ್ದ ಓಟಕ್ಕೆ ಫಡೆಪ್ಪ ದರೆಪ್ಪ ಚೌಗುಲೆ, ಸದಾಶಿವ ದಾತಾರ್, ಕೈಕಾಡಿ. ಕುಸ್ತಿಗೆ ಕುಮಾರ್ ನವಲೆ ಮತ್ತು ರಣಧೀರ್ ಶಿಂಧೆ. ಮ್ಯಾನೇಜರ್ ಆಗಿ ಸೊಹ್ರಾಬ್ ಭೂತ್. ಇವರಲ್ಲಿ ಚೌಗುಲೆ ಬೆಳಗಾವಿಯವರು. ಆಗ ಬೆಳಗಾವಿ ಮುಂಬೈ ಪ್ರಾಂತ್ಯಕ್ಕೆ ಸೇರಿತ್ತು, ಪುಣೆಯ ಮೈದಾನ ಅವರಿಗೆ ಹತ್ತಿರ. ಎಲ್ಲರೂ ಹಡಗು ಹತ್ತಿ ಮೊದಲು ಲಂಡನ್ನಿಗೆ ಹೋಗಿ, ಅಲ್ಲಿ ಇಂಗ್ಲಿಷ್ ಕೋಚ್ ಕೈಯಲ್ಲಿ ಕೆಲವು ವಾರ ತರಬೇತಿ ತಗೊಂಡು ಆಂಟ್‌ವರ್ಪ್ ತಲುಪಿದರು.

19ನೇ ಸ್ಥಾನ

ಮೊದಲ ಮಹಾಯುದ್ಧ ಮುಗಿದು ಎರಡು ವರ್ಷ ಆಗಿರಲಿಲ್ಲ. ಬೆಲ್ಜಿಯಂ ನುಚ್ಚುನೂರಾಗಿತ್ತು. ಜರ್ಮನಿ, ಆಸ್ಟ್ರಿಯಾ, ಟರ್ಕಿ ಮುಂತಾದ ಸೋತ ದೇಶಗಳನ್ನು ಕರೆದೇ ಇರಲಿಲ್ಲ. ಐದು ಬಳೆಗಳ ಒಲಿಂಪಿಕ್ ಬಾವುಟ ಒಲಿಂಪಿಕ್ಸ್ ಮೈದಾನದಲ್ಲಿ ಮೊದಲು ಹಾರಿದ್ದು ಅಲ್ಲೇ. ಆಟಗಾರರ ಪರವಾಗಿ ಪ್ರಮಾಣ ವಚನ ತಗೊಳ್ಳುವ ಪದ್ಧತಿ ಶುರುವಾಗಿದ್ದೂ ಅಲ್ಲೇ. ಆ ಮೆರವಣಿಗೆಯಲ್ಲಿ ಬ್ಯಾನರ್ಜಿ ಕೈಯಲ್ಲಿ ಬಾವುಟ ಹಿಡಿದು ಭಾರತದ ಸಣ್ಣ ತಂಡವೂ ನಡೆಯಿತು. ಬಾವುಟ ಬ್ರಿಟಿಷರದ್ದು, ಹುಡುಗರು ನಮ್ಮವರು.

ಬ್ಯಾನರ್ಜಿ ಎರಡೂ ಓಟದಲ್ಲಿ ಮೊದಲ ಸುತ್ತು ದಾಟಲಿಲ್ಲ. ಕುಸ್ತಿಯಲ್ಲಿ ಶಿಂಧೆ ಮಾತ್ರ ಸುಮ್ಮನೆ ಬರಲಿಲ್ಲ. ಬ್ರಿಟನ್ನಿನ ಪೈಲ್ವಾನನೊಬ್ಬನನ್ನು ಕೆಡವಿ ಮುಂದೆ ಹೋದರು. ಕಂಚಿನ ಜೋಡಿಯಲ್ಲಿ ಇನ್ನೊಬ್ಬ ಬ್ರಿಟಿಷ್ ಪೈಲ್ವಾನನ ಎದುರು ಸೋತು ನಾಲ್ಕನೇ ಸ್ಥಾನಕ್ಕೆ ನಿಂತರು. ಒಂದು ಜೋಡಿ ಗೆದ್ದಿದ್ದರೆ ಕುಸ್ತಿಯ ಮೊದಲ ಪದಕಕ್ಕೆ ಭಾರತ 1952ರವರೆಗೆ ಕಾಯಬೇಕಿರಲಿಲ್ಲ.

ಚೌಗುಲೆ ಅವರ ಹೆಸರು 10,000 ಮೀಟರ್ ಓಟದಲ್ಲೂ ಇತ್ತು. ಅಲ್ಲಿ ಮೊದಲ ಸುತ್ತಿನಲ್ಲೇ ಹೊರಗೆ ಬಿದ್ದರು. ಅದಾದ ಕೆಲವೇ ದಿನಕ್ಕೆ, ಆಗಸ್ಟ್ 22ರಂದು, ಮ್ಯಾರಥಾನ್.

ಈಗಿನ ಮ್ಯಾರಥಾನ್ 42.195 ಕಿ.ಮೀ. ಆಂಟ್‌ವರ್ಪ್‌ನಲ್ಲಿ ಅಳೆದಿದ್ದು 42.75 ಕಿ.ಮೀ. ಅರ್ಧ ಕಿಲೋಮೀಟರಿಗಿಂತ ಜಾಸ್ತಿ. ಒಲಿಂಪಿಕ್ಸ್ ಇತಿಹಾಸದಲ್ಲೇ ಇಷ್ಟು ಉದ್ದದ ಮ್ಯಾರಥಾನ್ ಇನ್ನೊಂದಿಲ್ಲ. ತಣ್ಣನೆ ಹವೆ, ಜಿನುಗು ಮಳೆ. ಹೊಲದ ಬಿಸಿಲಿನಲ್ಲಿ ಓಡಿ ಬೆಳೆದವರಿಗೆ ಇದು ಬೇರೆಯೇ ಲೋಕ.

ಮುಂದೆ ಓಡುತ್ತಿದ್ದವನು ಫಿನ್ಲೆಂಡಿನ ಹಾನೆಸ್ ಕೊಲೆಮೈನೆನ್. 1912ರಲ್ಲೇ ಮೂರು ಚಿನ್ನ ಗೆದ್ದಿದ್ದವನು, ಕಸುಬಿನಲ್ಲಿ ಗಾರೆ ಕೆಲಸದವನು. ದಕ್ಷಿಣ ಆಫ್ರಿಕಾದ ಗಿಟ್‌ಶಮ್ ಅರ್ಧ ದಾರಿವರೆಗೂ ಅವನನ್ನು ಬಿಡಲಿಲ್ಲ, ಆಮೇಲೆ ಕಾಲು ಕೈಕೊಟ್ಟು ಓಟ ಬಿಟ್ಟ. ಕೊನೆಗೆ ಎಸ್ಟೋನಿಯಾದ ಲಾಸ್‌ಮನ್ ಬೆನ್ನಿಗೇ ಬಂದ. ಕೊಲೆಮೈನೆನ್ ಗೆದ್ದದ್ದು 13 ಸೆಕೆಂಡಿಗೂ ಕಡಿಮೆ ಅಂತರದಲ್ಲಿ. ಸಮಯ 2 ಗಂಟೆ 32 ನಿಮಿಷ 35.8 ಸೆಕೆಂಡ್. ಮೂರನೆಯವನಾಗಿ ಬಂದ ಇಟಲಿಯ ಆರ್ರಿ ಅಷ್ಟು ಓಡಿದ ಮೇಲೂ ಗೆರೆ ದಾಟಿ ಲಾಗ ಹಾಕಿದ.

ಹಿಂದೆ ಹಲವರು ದಾರಿಯಲ್ಲೇ ಕೂತುಬಿಟ್ಟಿದ್ದರು. ದಾತಾರ್ ಅವರಿಗೂ ಮುಗಿಸಲಾಗಲಿಲ್ಲ. ಚೌಗುಲೆ ಮುಗಿಸಿದರು. 2 ಗಂಟೆ 50 ನಿಮಿಷ 45.4 ಸೆಕೆಂಡ್. 19ನೇ ಸ್ಥಾನ. ಗೆದ್ದವನಿಗಿಂತ 18 ನಿಮಿಷ ಹಿಂದೆ.

ಆ ಅಂಕಿಯನ್ನು ಸ್ವಲ್ಪ ಬಿಡಿಸಿ ನೋಡಬೇಕು. ಕಿಲೋಮೀಟರಿಗೆ ಸುಮಾರು 4 ನಿಮಿಷದ ಲೆಕ್ಕ. ಅದೇ ವೇಗದಲ್ಲಿ 42 ಕಿ.ಮೀ. ನಿಲ್ಲದೆ. ಬೆಳಗ್ಗೆ ಕುಕ್ಕರಹಳ್ಳಿ ಕೆರೆ ಏರಿ ಮೇಲೆ ಓಡುವವರನ್ನು ಕೇಳಿದರೆ ಇದರ ಬೆಲೆ ಹೇಳ್ತಾರೆ. ಒಂದು ಕಿಲೋಮೀಟರ್ ನಾಲ್ಕು ನಿಮಿಷಕ್ಕೆ ಓಡೋದೇ ಹೆಚ್ಚಿನವರಿಗೆ ಉಸಿರು ಕಟ್ಟಿಸುತ್ತೆ. ಇವತ್ತು ಮೂರು ಗಂಟೆ ಒಳಗೆ ಮ್ಯಾರಥಾನ್ ಮುಗಿಸಿದವರು ಅದನ್ನು ಊರೆಲ್ಲ ಹೇಳಿಕೊಂಡು ಬರ್ತಾರೆ. ಸಾವಿರಾರು ರೂಪಾಯಿಯ ಬೂಟು, ಕೈಗೆ ಓಟ ಲೆಕ್ಕ ಹಾಕುವ ವಾಚು, ದಾರಿಯುದ್ದಕ್ಕೂ ಗ್ಲೂಕೋಸು ಇರುವ ಕಾಲದಲ್ಲಿ. ಚೌಗುಲೆಗೆ ಸಿಕ್ಕಿದ್ದು ಕೆಲವು ವಾರದ ತರಬೇತಿ, ಅಷ್ಟೇ.

ಪದಕ ಬರಲಿಲ್ಲ ಅನ್ನೋದೇ ಉಳಿಯಿತು. ಬೆಳಗಾವಿಯ ಹುಡುಗ ಜಗತ್ತಿನ 19ನೆಯವನು ಅನ್ನೋದು ಹಿಂದೆ ಬಿತ್ತು. ಕ್ರಿಕೆಟ್ ಬಿಟ್ಟು ಉಳಿದದ್ದೆಲ್ಲ ಮರೆಯೋದು ನಮಗೆ ಹಳೇ ಚಾಳಿ.

ಸಂಘ ಕಟ್ಟಿದ್ದು, ಬಿಟ್ಟಿದ್ದು

ದೊರಾಬ್ಜಿ ಇಲ್ಲಿಗೆ ಕೈ ತೊಳೆದುಕೊಳ್ಳಲಿಲ್ಲ. ಮುಂಬೈ, ಪುಣೆಯ ಆಚೆಗೂ ಓಟಗಾರರನ್ನು ಹುಡುಕಬೇಕು ಅನ್ನೋದು ಅವರಿಗೆ ಆಂಟ್‌ವರ್ಪ್ ಕಲಿಸಿದ ಪಾಠ. ಮದ್ರಾಸಿನಲ್ಲಿ ದೈಹಿಕ ಶಿಕ್ಷಣ ಕಾಲೇಜು ನಡೆಸುತ್ತಿದ್ದ ವೈಎಂಸಿಎಯ ಹ್ಯಾರಿ ಬಕ್ ಮತ್ತು ಅದೇ ಸಂಸ್ಥೆಯ ನೋರೆನ್ ಅವರನ್ನು ಜೊತೆಗೆ ತಗೊಂಡರು. ಅವರು ಪ್ರಾಂತ್ಯ ಪ್ರಾಂತ್ಯ ತಿರುಗಿ ಆಟದ ಸಂಘಗಳನ್ನು ಕಟ್ಟಿಸಿದರು. 1924ರ ಫೆಬ್ರುವರಿಯಲ್ಲಿ ದೆಹಲಿಯಲ್ಲಿ ದೇಶದ ಮಟ್ಟದ ಆಯ್ಕೆ ಕೂಟ ನಡೆಯಿತು. ಅಲ್ಲಿಂದ ಎಂಟು ಜನ ಅಥ್ಲೀಟುಗಳು ಪ್ಯಾರಿಸ್‌ಗೆ ಹೋದರು. ಇವತ್ತಿನ ರಾಷ್ಟ್ರೀಯ ಕ್ರೀಡಾಕೂಟದ ಬೇರು ಹುಡುಕಿದರೆ ಸಿಗೋದು ಆ ದೆಹಲಿ ಕೂಟದಲ್ಲೇ.

ಅದೇ ಪ್ಯಾರಿಸ್ ಒಲಿಂಪಿಕ್ಸ್‌ನ ಟೆನಿಸ್ ಮಿಶ್ರ ಡಬಲ್ಸ್ ಪಟ್ಟಿಯಲ್ಲಿ ಮೊಹಮ್ಮದ್ ಸಲೀಂ ಜೊತೆ ಇನ್ನೊಂದು ಹೆಸರಿತ್ತು. ಮೆಹರ್‌ಬಾಯಿ ಟಾಟಾ. ಮಹಾರಾಜ ಕಾಲೇಜಿನ ಪ್ರಿನ್ಸಿಪಾಲರ ಮಗಳು. ಆಗ ಅವರಿಗೆ 44. ಟೆನಿಸ್ ಅಂಗಳಕ್ಕೆ ಅವರು ಇಳಿಯುತ್ತಿದ್ದದ್ದು ಸೀರೆಯಲ್ಲೇ, ಪಾರ್ಸಿ ಹೆಂಗಸರು ಉಡುವ ರೀತಿಯಲ್ಲಿ.

1927ರಲ್ಲಿ ಭಾರತೀಯ ಒಲಿಂಪಿಕ್ ಸಂಸ್ಥೆ ಹುಟ್ಟಿತು. ಮೊದಲ ಅಧ್ಯಕ್ಷರು ದೊರಾಬ್ಜಿ. ಬಹಳ ದಿನ ಕೂರಲಿಲ್ಲ. ವಯಸ್ಸು 70ರ ಹತ್ತಿರ, ಉಕ್ಕಿನ ಕಂಪನಿಯ ಭಾರ ಬೇರೆ. ಮರುವರ್ಷ ಆ ಜಾಗಕ್ಕೆ ಪಟಿಯಾಲ ಮಹಾರಾಜ ಭೂಪಿಂದರ್ ಸಿಂಗ್ ಬಂದರು. ಅದೇ 1928ರಲ್ಲಿ ಆಮ್‌ಸ್ಟರ್‌ಡ್ಯಾಂನಲ್ಲಿ ಭಾರತ ಹಾಕಿಯ ಮೊದಲ ಚಿನ್ನ ಗೆದ್ದಿತು.

ಒತ್ತೆ ಇಟ್ಟ ವಜ್ರ

ಉಕ್ಕಿನ ಕಂಪನಿಯ ಆ ಭಾರ ಎಂಥದ್ದು ಅಂತ 1924ರಲ್ಲೇ ಗೊತ್ತಾಗಿತ್ತು. ಯುದ್ಧ ಮುಗಿದ ಮೇಲೆ ಉಕ್ಕಿನ ಬೆಲೆ ಬಿದ್ದು ಜಮ್‌ಶೆಡ್‌ಪುರದ ಕಾರ್ಖಾನೆಯಲ್ಲಿ ಕೂಲಿಯವರಿಗೆ ಸಂಬಳ ಕೊಡಲೂ ದುಡ್ಡಿರಲಿಲ್ಲ. ದೊರಾಬ್ಜಿ ಇಂಪೀರಿಯಲ್ ಬ್ಯಾಂಕಿಗೆ ತಮ್ಮ ಸ್ವಂತ ಆಸ್ತಿಯನ್ನೆಲ್ಲ ಒತ್ತೆ ಇಟ್ಟು ಸಾಲ ಎತ್ತಿದರು. ಹೆಂಡತಿಯ ಒಡವೆಯೂ ಅದರಲ್ಲಿ ಸೇರಿತ್ತು. ಅದರಲ್ಲಿ ಒಂದು ಜ್ಯೂಬಿಲಿ ವಜ್ರ. 245 ಕ್ಯಾರೆಟ್, ಈಗಿನ ಕೊಹಿನೂರಿನ ಎರಡು ಪಟ್ಟಿಗಿಂತ ಹೆಚ್ಚು. ಮದುವೆಯಾದ ಹೊಸದರಲ್ಲಿ ಅವರೇ ಹೆಂಡತಿಗೆ ತಂದುಕೊಟ್ಟದ್ದು. ಅಂಗಡಿ ಉಳಿಸಿಕೊಳ್ಳಲು ಹೆಂಡತಿಯ ಕೊರಳಿನದ್ದನ್ನು ಗಿರವಿ ಇಡೋದು ಏನು ಅಂತ ಇಲ್ಲಿನ ವ್ಯಾಪಾರಸ್ಥರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕಾರ್ಖಾನೆ ಉಳಿಯಿತು. ಒಡವೆ ವಾಪಸ್ ಬಂತು.

ಮೆಹರ್‌ಬಾಯಿ ಮನೆಯಲ್ಲಿ ಕೂತವರಲ್ಲ. ಹೆಣ್ಣುಮಕ್ಕಳ ಓದು, ಬಾಲ್ಯವಿವಾಹ ನಿಲ್ಲಿಸುವ ಕಾನೂನು, ಪರದೆ ಪದ್ಧತಿ, ಇವುಗಳ ಬಗ್ಗೆ ದೇಶ ವಿದೇಶಗಳಲ್ಲಿ ಮಾತಾಡಿದರು. ಸಾರ್ದಾ ಕಾಯ್ದೆ 1929ರಲ್ಲಿ ಬಂದಾಗ ಅದರ ಹಿಂದೆ ಒತ್ತಾಯ ಮಾಡಿದವರಲ್ಲಿ ಅವರೂ ಒಬ್ಬರು. 1931ರ ಜೂನ್ 18ರಂದು ಬ್ರಿಟನ್ನಿನ ವೇಲ್ಸ್‌ನಲ್ಲಿ ರಕ್ತದ ಕ್ಯಾನ್ಸರ್‌ಗೆ ಬಲಿಯಾದರು. ಲಂಡನ್ ಹೊರಗಿನ ಬ್ರೂಕ್‌ವುಡ್ ಸ್ಮಶಾನದಲ್ಲಿ ಮಣ್ಣು ಮಾಡಿದರು.

ಗಂಡ ಹೆಂಡತಿಗೆ ಮಕ್ಕಳಿರಲಿಲ್ಲ. 1932ರ ಮಾರ್ಚ್‌ನಲ್ಲಿ ದೊರಾಬ್ಜಿ ಕೂತು ತಮ್ಮ ಪಾಲಿನ ಷೇರು, ಜಮೀನು, ಹೆಂಡತಿಯ ಒಡವೆ, ಟೈಪಿನ್‌ವರೆಗೂ ಎಲ್ಲವನ್ನೂ ಒಂದು ಟ್ರಸ್ಟಿಗೆ ಬರೆದುಕೊಟ್ಟರು. ಜಾತಿ, ಧರ್ಮ, ಊರು ನೋಡದೆ ಖರ್ಚಾಗಬೇಕು ಅನ್ನೋದು ಷರತ್ತು. ಮರು ತಿಂಗಳು ರಕ್ತದ ಕ್ಯಾನ್ಸರ್ ಸಂಶೋಧನೆಗೆ ಅಂತಲೇ ಹೆಂಡತಿಯ ಹೆಸರಿನಲ್ಲಿ ಇನ್ನೊಂದು ಟ್ರಸ್ಟ್.

ಅದು ಮುಗಿದ ಮೇಲೆ ಯುರೋಪಿಗೆ ಹೊರಟರು. ವರ್ಷದ ದಿನಕ್ಕೆ ಹೆಂಡತಿಯ ಸಮಾಧಿ ನೋಡಬೇಕಿತ್ತು. ತಲುಪಲಿಲ್ಲ. ದಾರಿಯಲ್ಲಿ, ಜರ್ಮನಿಯ ಬಾಡ್ ಕಿಸಿಂಗೆನ್ ಊರಿನಲ್ಲಿ 1932ರ ಜೂನ್ 3ರಂದು ತೀರಿಕೊಂಡರು. 72 ವರ್ಷ. ಬ್ರೂಕ್‌ವುಡ್‌ಗೆ ತಂದು ಮೆಹರ್‌ಬಾಯಿ ಪಕ್ಕದಲ್ಲೇ ಮಣ್ಣು ಮಾಡಿದರು.

ಜ್ಯೂಬಿಲಿ ವಜ್ರವನ್ನು ಟ್ರಸ್ಟಿನವರು 1937ರಲ್ಲಿ ಮಾರಿದರು. ಆ ಟ್ರಸ್ಟಿನ ದುಡ್ಡಿನಲ್ಲಿ ಮುಂಬೈನ ಪರೇಲ್‌ನಲ್ಲಿ ಕ್ಯಾನ್ಸರ್ ಆಸ್ಪತ್ರೆ ಎದ್ದಿತು. 1941ರಲ್ಲಿ ಬಾಗಿಲು ತೆರೆದ ಅದೇ ಟಾಟಾ ಮೆಮೋರಿಯಲ್. ನಮ್ಮ ಜಿಲ್ಲೆಯಿಂದಲೂ ರೋಗಿಗಳು ರೈಲು ಹತ್ತಿ ಹೋಗುವುದು ಅಲ್ಲಿಗೇ.